ಬಿಲ್ಲಿ ಗ್ರಹಾಂ: ಹಗರಣಗಳಿಂದ ದೂರ ಉಳಿದ ಅಮೆರಿಕದ ಬೋಧಕ ಅಧಿಕಾರದ ಮುಂದೆ ಎಡವಿದ್ದೆಲ್ಲಿ?

ಹಾಲು ಕರೆಯುತ್ತಾ ಬೆಳೆದ ಹುಡುಗ 12 ಅಮೆರಿಕ ಅಧ್ಯಕ್ಷರ ಒಡನಾಟ ಕಂಡ. ಹಣ ಮತ್ತು ಚಾರಿತ್ರ್ಯದ ವಿಷಯದಲ್ಲಿ ತನಗೆ ತಾನೇ ಬೇಲಿ ಹಾಕಿಕೊಂಡ ಈ ಬೋಧಕ ರಾಜಕೀಯಕ್ಕೆ ಮಾತ್ರ ಬಾಗಿಲು ತೆರೆದಿಟ್ಟರು. ಅದರ ಪರಿಣಾಮವನ್ನು ಅಮೆರಿಕ ಇಂದಿಗೂ ನೋಡುತ್ತಿದೆ.

2018ರ ಫೆಬ್ರುವರಿ 28ರಂದು ವಾಷಿಂಗ್ಟನ್‌ನ ಸಂಸತ್ ಭವನ ಕ್ಯಾಪಿಟಲ್‌ನ ಗುಮ್ಮಟದ ಕೆಳಗೆ ಒಂದು ಶವಪೆಟ್ಟಿಗೆಯನ್ನು ಸಾರ್ವಜನಿಕ ದರ್ಶನಕ್ಕೆ ಇಡಲಾಗಿತ್ತು. ಅದು ಸಾಧಾರಣ ಪ್ಲೈವುಡ್ ಪೆಟ್ಟಿಗೆ. ಮಾಡಿದವರು ಲೂಸಿಯಾನದ ಅಂಗೋಲಾ ಜೈಲಿನ ಕೈದಿಗಳು. ಅಧ್ಯಕ್ಷ ಡೊನಾಲ್ಡ್ ಟ್ರಂಪ್ ಸೇರಿದಂತೆ ದೇಶದ ಮುಖ್ಯ ನಾಯಕರೆಲ್ಲ ಅದರ ಮುಂದೆ ನಿಂತು ನಮನ ಸಲ್ಲಿಸಿದರು.

ಆ ಜಾಗದಲ್ಲಿ ಅಂತಿಮ ದರ್ಶನದ ಗೌರವ ಸಾಮಾನ್ಯವಾಗಿ ಸಿಗುವುದು ಅಧ್ಯಕ್ಷರಿಗೆ, ಹಿರಿಯ ಸಂಸದರಿಗೆ, ಸೇನಾ ನಾಯಕರಿಗೆ. ಖಾಸಗಿ ನಾಗರಿಕರ ಸಾಲಿನಲ್ಲಿ ಈ ಗೌರವ ಪಡೆದವರಲ್ಲಿ ಬಿಲ್ಲಿ ಗ್ರಹಾಂ ನಾಲ್ಕನೆಯವರು. ಅವರಿಗಿಂತ ಮೊದಲು 2005ರಲ್ಲಿ ಕಪ್ಪುವರ್ಣೀಯರ ಹಕ್ಕುಗಳ ಹೋರಾಟಗಾರ್ತಿ ರೋಸಾ ಪಾರ್ಕ್ಸ್ ಅವರಿಗೆ ಇದು ಸಿಕ್ಕಿತ್ತು. ಧರ್ಮಬೋಧಕರ ಪೈಕಿ ಗ್ರಹಾಂ ಅವರೇ ಮೊದಲಿಗರು.

ಚರ್ಚಿನ ಪೀಠಾಧಿಪತಿಯಲ್ಲದ, ಯಾವ ಹೊಸ ಪಂಥವನ್ನೂ ಕಟ್ಟದ, ಪವಾಡ ಮಾಡುತ್ತೇನೆಂದು ಎಂದೂ ಹೇಳದ ಒಬ್ಬ ಬೋಧಕನಿಗೆ ಒಂದು ದೇಶ ಇಷ್ಟು ದೊಡ್ಡ ಸ್ಥಾನ ಕೊಟ್ಟಿದ್ದು ಏಕೆ? ಆ ಸ್ಥಾನಕ್ಕೆ ಅವರು ತೆತ್ತ ಬೆಲೆ ಏನು? ಇಲ್ಲಿದೆ ವಿವರ.

ಒಂದು ನೋಟದಲ್ಲಿ ಬಿಲ್ಲಿ ಗ್ರಹಾಂ

* ಜನನ: 1918ರ ನವೆಂಬರ್ 7, ಉತ್ತರ ಕೆರೊಲಿನಾದ ಷಾರ್ಲೆಟ್ ಬಳಿ
* ಪತ್ನಿ: ರೂತ್ ಬೆಲ್ (ಮದುವೆ 1943, ನಿಧನ 2007). ಐವರು ಮಕ್ಕಳು
* ದೊಡ್ಡ ತಿರುವು: 1949ರ ಲಾಸ್ ಏಂಜಲೀಸ್ ಸಭೆಗಳು
* ಭಾರತ ಭೇಟಿಗಳು: 1956, 1972, 1977
* ಕೊನೆಯ ದೊಡ್ಡ ಸಭೆ: 2005ರ ಜೂನ್, ನ್ಯೂಯಾರ್ಕ್
* ನಿಧನ: 2018ರ ಫೆಬ್ರುವರಿ 21, ತಮ್ಮ 99ನೇ ವಯಸ್ಸಿನಲ್ಲಿ

ಇವಾಂಜೆಲಿಕಲ್ ಎಂದರೆ ಯಾರು?

ಅಮೆರಿಕದ ಚುನಾವಣೆ ಬಂದಾಗಲೆಲ್ಲ 'ಇವಾಂಜೆಲಿಕಲ್ ಮತದಾರರು' ಎಂಬ ಮಾತು ಸುದ್ದಿಯಲ್ಲಿ ಕೇಳಿಬರುತ್ತದೆ. ಇದು ಕ್ಯಾಥೊಲಿಕ್ ಎಂಬಂತೆ ಒಂದೇ ಚರ್ಚಿನ ಹೆಸರಲ್ಲ. ಸುವಾರ್ತೆ, ಅಂದರೆ ಶುಭ ಸಮಾಚಾರ ಎಂಬ ಅರ್ಥದ ಗ್ರೀಕ್ ಪದದಿಂದ ಬಂದಿದ್ದು. ಬ್ಯಾಪ್ಟಿಸ್ಟ್, ಮೆಥಡಿಸ್ಟ್, ಪ್ರೆಸ್ಬಿಟೇರಿಯನ್ ಹೀಗೆ ಬೇರೆ ಬೇರೆ ಪ್ರೊಟೆಸ್ಟಂಟ್ ಸಭೆಗಳಲ್ಲಿ ಹರಡಿಕೊಂಡಿರುವ ಒಂದು ನಂಬಿಕೆಯ ಧಾರೆ.

ಇವರ ನಂಬಿಕೆಯಲ್ಲಿ ನಾಲ್ಕು ಅಂಶಗಳು ಮುಖ್ಯ. ಬೈಬಲ್ಲೇ ಅಂತಿಮ ಪ್ರಮಾಣ. ಯೇಸು ಕ್ರಿಸ್ತ ಶಿಲುಬೆಯ ಮೇಲೆ ಪ್ರಾಣ ಕೊಟ್ಟಿದ್ದೇ ಮನುಷ್ಯನ ಪಾಪಕ್ಕೆ ಪರಿಹಾರ. ಪ್ರತಿಯೊಬ್ಬರೂ ಸ್ವತಃ ನಿರ್ಧರಿಸಿ ಕ್ರಿಸ್ತನನ್ನು ಒಪ್ಪಿಕೊಳ್ಳಬೇಕು. ಕ್ರೈಸ್ತ ಮನೆಯಲ್ಲಿ ಹುಟ್ಟಿದ ಮಾತ್ರಕ್ಕೆ ಸಾಲದು. ಇದನ್ನೇ ಅವರು 'ಹೊಸದಾಗಿ ಹುಟ್ಟುವುದು' ಎನ್ನುತ್ತಾರೆ. ನಮ್ಮಲ್ಲಿನ ಪುನರ್ಜನ್ಮದ ಕಲ್ಪನೆಗೂ ಇದಕ್ಕೂ ಸಂಬಂಧವಿಲ್ಲ. ಇದು ಬದುಕಿರುವಾಗಲೇ ಆಗುವ ಮನಪರಿವರ್ತನೆ. ಕೊನೆಯದಾಗಿ, ಈ ಸುವಾರ್ತೆಯನ್ನು ಇತರರಿಗೆ ಸಾರುವುದು ಪ್ರತಿ ವಿಶ್ವಾಸಿಯ ಕರ್ತವ್ಯ.

20ನೇ ಶತಮಾನದ ಆರಂಭದಲ್ಲಿ ಈ ಧಾರೆಯ ಒಂದು ಭಾಗ ಆಧುನಿಕ ವಿಜ್ಞಾನ, ವಿಶ್ವವಿದ್ಯಾಲಯ, ಸಿನಿಮಾ ಎಲ್ಲದಕ್ಕೂ ಬೆನ್ನು ತಿರುಗಿಸಿ 'ಮೂಲಭೂತವಾದಿ' ಎಂಬ ಹಣೆಪಟ್ಟಿ ಹಚ್ಚಿಕೊಂಡು ಮೂಲೆ ಸೇರಿತ್ತು. ಅದನ್ನು ಮೂಲೆಯಿಂದ ನಡುಮನೆಗೆ ಕರೆತಂದವರಲ್ಲಿ ಗ್ರಹಾಂ ಹೆಸರು ಮೊದಲು ಬರುತ್ತದೆ.

ಹೈನುಗಾರನ ಮಗ, ಬ್ರಷ್ ಮಾರಾಟಗಾರ

ಗ್ರಹಾಂ ಹುಟ್ಟಿದ್ದು ಹೈನುಗಾರಿಕೆಯ ಕುಟುಂಬದಲ್ಲಿ. ನಾಲ್ವರು ಮಕ್ಕಳಲ್ಲಿ ಹಿರಿಯರು. ನಸುಕಿನಲ್ಲೇ ಎದ್ದು ಹಸು ಕರೆದು ಶಾಲೆಗೆ ಹೋಗುವುದು ದಿನಚರಿ. 1934ರಲ್ಲಿ ಷಾರ್ಲೆಟ್‌ಗೆ ಮೊರ್ಡೆಕೈ ಹ್ಯಾಮ್ ಎಂಬ ಊರೂರು ತಿರುಗುವ ಬೋಧಕ ಬಂದರು. ಒಲ್ಲದ ಮನಸ್ಸಿನಿಂದ ಆ ಸಭೆಗೆ ಹೋದ ಹುಡುಗ ಗ್ರಹಾಂ ಕೊನೆಗೆ ಎದ್ದು ವೇದಿಕೆಯತ್ತ ನಡೆದರು. ಅವರ ಪಾಲಿಗೆ ಅದೇ 'ಹೊಸ ಹುಟ್ಟು'.

ಹೈಸ್ಕೂಲ್ ಮುಗಿದ ಬೇಸಿಗೆಯಲ್ಲಿ ಮನೆಮನೆಗೆ ಹೋಗಿ ಫುಲ್ಲರ್ ಕಂಪನಿಯ ಬ್ರಷ್ ಮಾರಿದರು. ಎದುರಿಗಿರುವವರ ಮುಖ ಓದುವುದು, ಮೊದಲ ವಾಕ್ಯದಲ್ಲೇ ಗಮನ ಸೆಳೆಯುವುದು, ಕೊನೆಗೆ 'ತಗೋತೀರಾ, ಇಲ್ವಾ?' ಎಂದು ನೇರವಾಗಿ ಕೇಳುವುದು ಮಾರಾಟದ ಪಾಠ. ಅವರ ಮುಂದಿನ ಭಾಷಣಗಳಲ್ಲೂ ಇದೇ ವರಸೆ ಕಾಣುತ್ತದೆ.

ಫ್ಲಾರಿಡಾದ ಬೈಬಲ್ ಶಾಲೆಯಲ್ಲಿದ್ದಾಗ ನದಿ ದಂಡೆಯಲ್ಲಿ ಮರದ ಬೊಡ್ಡೆಗಳ ಮುಂದೆ ನಿಂತು ಗಟ್ಟಿಯಾಗಿ ಭಾಷಣ ಅಭ್ಯಾಸ ಮಾಡುತ್ತಿದ್ದರು. 1939ರಲ್ಲಿ ಸದರ್ನ್ ಬ್ಯಾಪ್ಟಿಸ್ಟ್ ಬೋಧಕರಾಗಿ ದೀಕ್ಷೆ ಪಡೆದರು. ಬಳಿಕ ಇಲಿನಾಯ್‌ನ ವೀಟನ್ ಕಾಲೇಜಿನಲ್ಲಿ ಮಾನವಶಾಸ್ತ್ರದಲ್ಲಿ ಪದವಿ ಪಡೆದರು. ಅಲ್ಲೇ ಪರಿಚಯವಾದವರು ರೂತ್ ಬೆಲ್. ಚೀನಾದಲ್ಲಿ ಮಿಷನರಿ ವೈದ್ಯರ ಮಗಳಾಗಿ ಹುಟ್ಟಿ ಬೆಳೆದ ರೂತ್‌ಗೆ ಟಿಬೆಟ್‌ಗೆ ಹೋಗಿ ಸೇವೆ ಮಾಡುವ ಕನಸಿತ್ತು. ಅದನ್ನು ಬಿಟ್ಟು ಅವರು ಗ್ರಹಾಂ ಕೈ ಹಿಡಿದರು. ಗಂಡ ತಿಂಗಳುಗಟ್ಟಲೆ ಊರೂರು ತಿರುಗುವಾಗ ಐದು ಮಕ್ಕಳ ಸಂಸಾರ ನಡೆಸಿದ್ದು ಅವರೇ.

1949: ಒಂದು ಡೇರೆ, ಒಂದು ಬಾಂಬ್, ಒಬ್ಬ ಪತ್ರಿಕಾ ದೊರೆ

1949ರ ಸೆಪ್ಟೆಂಬರ್ ಕೊನೆಯಲ್ಲಿ ಲಾಸ್ ಏಂಜಲೀಸ್‌ನಲ್ಲಿ ದೊಡ್ಡ ಡೇರೆ ಹಾಕಿ ಗ್ರಹಾಂ ಸಭೆಗಳನ್ನು ಶುರು ಮಾಡಿದರು. ಅದಕ್ಕೆ ಎರಡು ದಿನ ಮೊದಲಷ್ಟೇ ಅಧ್ಯಕ್ಷ ಟ್ರೂಮನ್ ಅವರು ಸೋವಿಯತ್ ಒಕ್ಕೂಟ ಅಣುಬಾಂಬ್ ಸ್ಫೋಟಿಸಿರುವ ಸುದ್ದಿಯನ್ನು ದೇಶಕ್ಕೆ ತಿಳಿಸಿದ್ದರು. ಜನರ ಮನಸ್ಸಿನಲ್ಲಿ ಭಯವಿತ್ತು. ಗ್ರಹಾಂ ಅದೇ ಭಯವನ್ನು ಹಿಡಿದು ಮಾತಾಡಿದರು: ದೇವರಿಲ್ಲದ ಕಮ್ಯುನಿಸಂ ಒಂದು ಕಡೆ, ಪಶ್ಚಾತ್ತಾಪಪಡಬೇಕಾದ ಅಮೆರಿಕ ಇನ್ನೊಂದು ಕಡೆ.

ಮೂರು ವಾರಕ್ಕೆಂದು ಯೋಜಿಸಿದ್ದ ಸಭೆಗಳು ಎಂಟು ವಾರ ನಡೆದವು. ನಡುವೆ ಒಂದು ರಾತ್ರಿ ಡೇರೆಗೆ ಬಂದ ಗ್ರಹಾಂ ಅವರಿಗೆ ವರದಿಗಾರರ ಹಿಂಡೇ ಎದುರಾಯಿತು. ಪತ್ರಿಕಾ ದೊರೆ ವಿಲಿಯಂ ರ‍್ಯಾಂಡಾಲ್ಫ್ ಹರ್ಸ್ಟ್ ತಮ್ಮ ಪತ್ರಿಕೆಗಳಿಗೆ ಈ ಯುವಕನನ್ನು ಎತ್ತಿ ಬರೆಯಿರಿ ಎಂದು ಹೇಳಿಕಳುಹಿಸಿದ್ದರು ಎಂಬುದು ಪ್ರಸಿದ್ಧ ಕಥೆ. ಕಮ್ಯುನಿಸಂ ವಿರೋಧಿಯಾಗಿದ್ದ ಹರ್ಸ್ಟ್‌ಗೆ ಗ್ರಹಾಂ ಮಾತು ಹಿಡಿಸಿದ್ದರಲ್ಲಿ ಅಚ್ಚರಿ ಇಲ್ಲ. ಇಬ್ಬರೂ ಎಂದೂ ಮುಖಾಮುಖಿ ಭೇಟಿಯಾಗಲಿಲ್ಲ. ಒಟ್ಟು ಸುಮಾರು ಮೂರೂವರೆ ಲಕ್ಷ ಜನ ಆ ಡೇರೆಗೆ ಬಂದರು. ಊರೂರು ತಿರುಗುತ್ತಿದ್ದ 31ರ ಹರೆಯದ ಬೋಧಕ ಎರಡೇ ತಿಂಗಳಲ್ಲಿ ರಾಷ್ಟ್ರಮಟ್ಟದ ವ್ಯಕ್ತಿಯಾದರು.

ಮೊಡೆಸ್ಟೊದಲ್ಲಿ ಹಾಕಿಕೊಂಡ ಬೇಲಿ

ಈ ಖ್ಯಾತಿಗೆ ಒಂದು ವರ್ಷ ಮೊದಲೇ ನಡೆದ ಒಂದು ಮಾತುಕತೆಯನ್ನು ಗಮನಿಸಬೇಕು. 1948ರಲ್ಲಿ ಕ್ಯಾಲಿಫೋರ್ನಿಯಾದ ಮೊಡೆಸ್ಟೊ ಊರಿನಲ್ಲಿ ತಂಗಿದ್ದಾಗ ಗ್ರಹಾಂ ತಮ್ಮ ಮೂವರು ಸಹೋದ್ಯೋಗಿಗಳಿಗೆ ಒಂದು ಕೆಲಸ ಕೊಟ್ಟರು: 'ಊರೂರು ತಿರುಗುವ ಬೋಧಕರು ಯಾವ ಕಾರಣಕ್ಕೆ ಹೆಸರು ಕೆಡಿಸಿಕೊಳ್ಳುತ್ತಾರೆ, ಪಟ್ಟಿ ಮಾಡಿ.' ಎಲ್ಲರ ಪಟ್ಟಿಯೂ ಹೆಚ್ಚುಕಡಿಮೆ ಒಂದೇ ಆಗಿತ್ತು. ಅದರಿಂದ ನಾಲ್ಕು ನಿಯಮಗಳು ಹುಟ್ಟಿದವು.

* ಹಣ: ಭಾವನೆ ಕೆರಳಿಸಿ ಕಾಣಿಕೆ ಎತ್ತಬಾರದು. ಲೆಕ್ಕ ಸ್ಥಳೀಯ ಸಮಿತಿಯ ಕೈಯಲ್ಲಿರಬೇಕು.
* ಚಾರಿತ್ರ್ಯ: ಪತ್ನಿಯನ್ನು ಬಿಟ್ಟು ಬೇರೆ ಮಹಿಳೆಯೊಂದಿಗೆ ಒಬ್ಬರೇ ಊಟ ಮಾಡಬಾರದು, ಪ್ರಯಾಣಿಸಬಾರದು, ಒಂದೇ ಕೋಣೆಯಲ್ಲಿ ಇರಬಾರದು.
* ಸ್ಥಳೀಯ ಚರ್ಚುಗಳು: ಅವುಗಳನ್ನು, ಅಲ್ಲಿನ ಪಾಸ್ಟರ್‌ಗಳನ್ನು ಟೀಕಿಸಬಾರದು.
* ಪ್ರಚಾರ: ಸೇರಿದ ಜನರ ಸಂಖ್ಯೆಯನ್ನು ಉಬ್ಬಿಸಿ ಹೇಳಬಾರದು.

ನಿಯಮ ಕಾಗದದಲ್ಲಿದ್ದರೆ ಸಾಲದು ಎಂಬುದು 1950ರಲ್ಲಿ ಗೊತ್ತಾಯಿತು. ಅಟ್ಲಾಂಟಾದ ಪತ್ರಿಕೆಯೊಂದು ಅಕ್ಕಪಕ್ಕದಲ್ಲಿ ಎರಡು ಫೋಟೊ ಛಾಪಿಸಿತು. ಒಂದರಲ್ಲಿ ನಗುತ್ತಾ ಊರು ಬಿಡುತ್ತಿರುವ ಗ್ರಹಾಂ, ಇನ್ನೊಂದರಲ್ಲಿ ಕಾಣಿಕೆಯ ಹಣದ ಚೀಲಗಳು. ಒಂದು ಸಾಲು ಟೀಕೆ ಇಲ್ಲದೆಯೂ ಫೋಟೊಗಳು ಹೇಳಬೇಕಾದ್ದನ್ನು ಹೇಳಿದ್ದವು. ಗ್ರಹಾಂ ಕಾಣಿಕೆ ಪಡೆಯುವುದನ್ನು ನಿಲ್ಲಿಸಿ ಸಂಸ್ಥೆಯಿಂದ ನಿಗದಿತ ಸಂಬಳ ಪಡೆಯತೊಡಗಿದರು. 1977ರಲ್ಲಿ ಸಂಸ್ಥೆಗೆ ಸೇರಿದ ಸುಮಾರು 2.3 ಕೋಟಿ ಡಾಲರ್‌ನ ನಿಧಿಯೊಂದರ ಬಗ್ಗೆ ದೇಣಿಗೆ ಕೊಟ್ಟವರಿಗೇ ಹೆಚ್ಚು ಗೊತ್ತಿಲ್ಲ ಎಂದು 'ಷಾರ್ಲೆಟ್ ಅಬ್ಸರ್ವರ್' ಪತ್ರಿಕೆ ಬರೆದಾಗ ಮತ್ತೆ ಮುಜುಗರವಾಯಿತು. ಎರಡೇ ವರ್ಷಗಳಲ್ಲಿ, ಕ್ರೈಸ್ತ ಸಂಸ್ಥೆಗಳ ಲೆಕ್ಕಪತ್ರಕ್ಕೆ ಮಾನದಂಡ ಹಾಕುವ ಮಂಡಳಿಯೊಂದು ಹುಟ್ಟಿಕೊಂಡಾಗ ಗ್ರಹಾಂ ಸಂಸ್ಥೆ ಅದರ ಸ್ಥಾಪಕ ಸದಸ್ಯನಾಯಿತು.

1980ರ ದಶಕದ ಕೊನೆಯಲ್ಲಿ ಟಿವಿ ಬೋಧಕ ಜಿಮ್ ಬೇಕರ್ ವಂಚನೆ ಪ್ರಕರಣದಲ್ಲಿ ಜೈಲು ಸೇರಿದರು. ಜಿಮ್ಮಿ ಸ್ವಾಗರ್ಟ್ ಲೈಂಗಿಕ ಹಗರಣದಲ್ಲಿ ಸಿಲುಕಿ ಕ್ಯಾಮೆರಾ ಮುಂದೆ ಕಣ್ಣೀರಿಟ್ಟರು. ಆ ಕಾಲದಲ್ಲೂ ಗ್ರಹಾಂ ಹೆಸರಿಗೆ ಮಸಿ ಅಂಟಲಿಲ್ಲ. ಗ್ಯಾಲಪ್ ಸಂಸ್ಥೆಯ ಅಮೆರಿಕನ್ನರು ಹೆಚ್ಚು ಮೆಚ್ಚುವ 10 ಪುರುಷರ ಪಟ್ಟಿಯಲ್ಲಿ ಅವರು 61 ಬಾರಿ ಕಾಣಿಸಿಕೊಂಡರು. ಬೇರೆ ಯಾರೂ ಅಷ್ಟು ಬಾರಿ ಆ ಪಟ್ಟಿಯಲ್ಲಿಲ್ಲ.

ಎರಡನೇ ನಿಯಮ ಇಂದು 'ಬಿಲ್ಲಿ ಗ್ರಹಾಂ ನಿಯಮ' ಎಂದೇ ಪ್ರಸಿದ್ಧ. 2017ರಲ್ಲಿ ಅಮೆರಿಕದ ಉಪಾಧ್ಯಕ್ಷರಾಗಿದ್ದ ಮೈಕ್ ಪೆನ್ಸ್ ಇಂಥದ್ದೇ ನಿಯಮ ಪಾಲಿಸುತ್ತಾರೆ ಎಂಬ ಸುದ್ದಿ ಬಂದಾಗ ದೊಡ್ಡ ಚರ್ಚೆಯಾಯಿತು. ಇದು ಸಂಯಮ ಎಂದರು ಕೆಲವರು. ಬಾಸ್ ಜೊತೆ ಊಟದ ಮೇಜಿನಲ್ಲೇ ಬಡ್ತಿ, ಅವಕಾಶಗಳ ಮಾತಾಗುವ ಕಚೇರಿಗಳಲ್ಲಿ ಇಂಥ ನಿಯಮ ಮಹಿಳೆಯರನ್ನು ಹೊರಗಿಡುತ್ತದೆ ಎಂದರು ಇನ್ನು ಕೆಲವರು. ಎರಡೂ ಮಾತಿನಲ್ಲಿ ಹುರುಳಿದೆ.

ಸಭೆಯ ಹಿಂದಿನ ಯಂತ್ರ

ಗ್ರಹಾಂ ಸಭೆ ಎಂದರೆ ಬರೀ ಭಾಷಣವಲ್ಲ. ಊರಿನ ಹಲವು ಚರ್ಚುಗಳು ಒಟ್ಟಾಗಿ ಕರೆದರೆ ಮಾತ್ರ ತಂಡ ಬರುತ್ತಿತ್ತು. ತಿಂಗಳುಗಳ ಮೊದಲೇ ಕಚೇರಿ ತೆರೆದು, ಮನೆಮನೆಗಳಲ್ಲಿ ಪ್ರಾರ್ಥನಾ ಗುಂಪುಗಳನ್ನು ಕಟ್ಟಿ, ದೊಡ್ಡ ಗಾಯನ ತಂಡಕ್ಕೆ ತಾಲೀಮು ನೀಡಲಾಗುತ್ತಿತ್ತು. ಚರ್ಚಿಗೆ ಬಾರದ ಗೆಳೆಯರನ್ನು ಬಸ್ಸಿನಲ್ಲಿ ಜೊತೆಗೆ ಕರೆತರಲು ಪ್ರತ್ಯೇಕ ಯೋಜನೆಯೇ ಇತ್ತು.

ಭಾಷಣ ಸರಳ, ವೇಗ ಹೆಚ್ಚು, ಕೈಯಲ್ಲಿ ಬೈಬಲ್, ಅಂದಿನ ಪತ್ರಿಕೆಯ ತಲೆಬರಹಗಳ ಪ್ರಸ್ತಾಪ. ಕೊನೆಯಲ್ಲಿ ಮೆಲುದನಿಯ ಹಾಡು ಶುರುವಾಗುತ್ತಿದ್ದಂತೆ 'ನಿರ್ಧಾರ ಮಾಡಿದವರು ಎದ್ದು ಮುಂದೆ ಬನ್ನಿ' ಎಂಬ ಕರೆ. ಹಾಗೆ ಬಂದವರ ಪಕ್ಕದಲ್ಲಿ ತರಬೇತಿ ಪಡೆದ ಸಲಹೆಗಾರರು ನಿಂತು ಮಾತಾಡಿ, ಹೆಸರು ವಿಳಾಸಗಳನ್ನು ಕಾರ್ಡಿನಲ್ಲಿ ಬರೆದುಕೊಂಡು ಹತ್ತಿರದ ಚರ್ಚಿಗೆ ಕಳುಹಿಸುತ್ತಿದ್ದರು. ಹಾಗೆ ಮುಂದೆ ಬಂದವರಲ್ಲಿ ಬಹಳಷ್ಟು ಮಂದಿ ಮೊದಲೇ ಚರ್ಚಿನ ನಂಟಿದ್ದವರು ಎಂಬುದು ಸಂಶೋಧಕರು ಮತ್ತೆ ಮತ್ತೆ ಎತ್ತಿದ ಆಕ್ಷೇಪ.

1954ರಲ್ಲಿ ಲಂಡನ್‌ನಲ್ಲಿ 12 ವಾರ, 1957ರಲ್ಲಿ ನ್ಯೂಯಾರ್ಕ್‌ನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ 16 ವಾರ ಸಭೆಗಳು ನಡೆದವು. 1973ರಲ್ಲಿ ದಕ್ಷಿಣ ಕೊರಿಯಾದ ಸೋಲ್‌ನಲ್ಲಿ ಕೊನೆಯ ದಿನದ ಸಭೆಗೆ 10 ಲಕ್ಷಕ್ಕೂ ಹೆಚ್ಚು ಜನ ಸೇರಿದ್ದರು. ರೇಡಿಯೊ, ಸಿನಿಮಾ, ಟಿವಿ, ಪತ್ರಿಕಾ ಅಂಕಣ, ಕೊನೆಗೆ ಉಪಗ್ರಹ ಪ್ರಸಾರ ಹೀಗೆ ಹೊಸದಾಗಿ ಬಂದ ಪ್ರತಿ ಮಾಧ್ಯಮವನ್ನೂ ಅವರು ಬಳಸಿಕೊಂಡರು. ಒಟ್ಟು 185 ದೇಶ ಮತ್ತು ಪ್ರಾಂತ್ಯಗಳಲ್ಲಿ ಸುಮಾರು 21.5 ಕೋಟಿ ಜನರಿಗೆ ಅವರು ಬೋಧಿಸಿದರು ಎಂಬುದು ಅವರ ಸಂಸ್ಥೆಯ ಲೆಕ್ಕ.

ಹಗ್ಗ ಕಿತ್ತ ಕೈ, ಮೆರವಣಿಗೆಗೆ ಬಾರದ ಕಾಲು

ಆಗಿನ ಅಮೆರಿಕದ ದಕ್ಷಿಣ ರಾಜ್ಯಗಳಲ್ಲಿ ಬಿಳಿಯರು ಮತ್ತು ಕಪ್ಪುವರ್ಣೀಯರು ಒಟ್ಟಿಗೆ ಕೂರುವಂತಿರಲಿಲ್ಲ. 1953ರಲ್ಲಿ ಟೆನೆಸ್ಸಿಯ ಚಟನೂಗದಲ್ಲಿ ಸಭೆಗೆ ಮೊದಲು ಇಬ್ಬರನ್ನೂ ಬೇರ್ಪಡಿಸಲು ಕಟ್ಟಿದ್ದ ಹಗ್ಗವನ್ನು ಗ್ರಹಾಂ ಸ್ವತಃ ಕಿತ್ತುಹಾಕಿದರು. ಅದೇ ವರ್ಷ ಡಲ್ಲಾಸ್‌ನಲ್ಲಿ ಮಾತ್ರ ಪ್ರತ್ಯೇಕ ಆಸನಗಳಿಗೆ ತಲೆಬಾಗಿದರು. 1954ರಲ್ಲಿ ಶಾಲೆಗಳಲ್ಲಿನ ವರ್ಣಭೇದವನ್ನು ಸುಪ್ರೀಂ ಕೋರ್ಟ್ ಅಸಾಂವಿಧಾನಿಕ ಎಂದ ಬಳಿಕ ಅವರ ಸಭೆಗಳಲ್ಲಿ ಬೇರೆ ಬೇರೆ ಸಾಲುಗಳು ಇರಲಿಲ್ಲ.

1957ರ ಜುಲೈನಲ್ಲಿ ನ್ಯೂಯಾರ್ಕ್ ವೇದಿಕೆಯಲ್ಲಿ ಪ್ರಾರ್ಥನೆ ಮಾಡಲು ಮಾರ್ಟಿನ್ ಲೂಥರ್ ಕಿಂಗ್ ಅವರನ್ನು ಕರೆದರು. ಇದಕ್ಕೆ ದಕ್ಷಿಣದ ಬಿಳಿಯರಿಂದ ಬೈಗುಳದ ಪತ್ರಗಳು ಬಂದವು. ಆದರೆ ಮರುವರ್ಷ ಟೆಕ್ಸಾಸ್‌ನ ಸಭೆಯಲ್ಲಿ ವರ್ಣಭೇದದ ಪರವಿದ್ದ ಗವರ್ನರ್ ಜೊತೆ ವೇದಿಕೆ ಹಂಚಿಕೊಳ್ಳಬೇಡಿ ಎಂದು ಕಿಂಗ್ ಪತ್ರ ಬರೆದಾಗ ಗ್ರಹಾಂ ಒಪ್ಪಲಿಲ್ಲ. 1963ರಲ್ಲಿ ಕಿಂಗ್ ಬರ್ಮಿಂಗ್‌ಹ್ಯಾಮ್‌ನಲ್ಲಿ ಜೈಲು ಸೇರಿದ್ದಾಗ, ಹೋರಾಟದ ವೇಗ ಸ್ವಲ್ಪ ಕಡಿಮೆ ಮಾಡಿದರೆ ಒಳ್ಳೆಯದು ಎಂದು ಪತ್ರಿಕೆಗೆ ಹೇಳಿದರು.

ಮನುಷ್ಯನ ಮನಸ್ಸು ಬದಲಾದರೆ ಸಮಾಜ ತಾನಾಗಿ ಬದಲಾಗುತ್ತದೆ ಎಂಬುದು ಗ್ರಹಾಂ ನಂಬಿಕೆ. ಕಾನೂನು ಬದಲಾಗದೆ ಮನಸ್ಸು ಬದಲಾಗುವ ತನಕ ಕಾಯಲು ಕಪ್ಪುವರ್ಣೀಯರಿಗೆ ಸಾಧ್ಯವಿರಲಿಲ್ಲ. 1964ರಲ್ಲಿ, ಚರ್ಚ್ ಮೇಲಿನ ಬಾಂಬ್ ದಾಳಿಯಲ್ಲಿ ನಾಲ್ವರು ಬಾಲಕಿಯರು ಬಲಿಯಾಗಿದ್ದ ಅದೇ ಬರ್ಮಿಂಗ್‌ಹ್ಯಾಮ್‌ನಲ್ಲಿ ಗ್ರಹಾಂ ಎರಡೂ ಸಮುದಾಯದವರನ್ನು ಒಟ್ಟಿಗೆ ಕೂರಿಸಿ ಈಸ್ಟರ್ ಸಭೆ ನಡೆಸಿದರು. 1965ರ ಸೆಲ್ಮಾ ಮೆರವಣಿಗೆಗೆ ಹೋಗಲಿಲ್ಲ. ಹೋಗದೆ ತಪ್ಪು ಮಾಡಿದೆ ಎಂದು ಇಳಿವಯಸ್ಸಿನಲ್ಲಿ ಹೇಳಿಕೊಂಡರು.

ಬೇಲಿ ಇಲ್ಲದ ಕಡೆ: ಶ್ವೇತಭವನ

ಮೊಡೆಸ್ಟೊದ ನಾಲ್ಕು ನಿಯಮಗಳಲ್ಲಿ ಅಧಿಕಾರಸ್ಥರ ಸಖ್ಯದ ಬಗ್ಗೆ ಒಂದು ಮಾತೂ ಇರಲಿಲ್ಲ. ಗ್ರಹಾಂ ಎಡವಿದ್ದು ಅಲ್ಲೇ.

ಮೊದಲ ಪಾಠ ಬೇಗನೆ ಸಿಕ್ಕಿತ್ತು. 1950ರಲ್ಲಿ ಅಧ್ಯಕ್ಷ ಟ್ರೂಮನ್ ಅವರನ್ನು ಭೇಟಿಯಾಗಿ ಹೊರಬಂದವರೇ ಒಳಗಿನ ಮಾತುಕತೆಯನ್ನು ವರದಿಗಾರರಿಗೆ ಹೇಳಿಬಿಟ್ಟರು. ಫೋಟೊಗ್ರಾಫರ್‌ಗಳ ಕೋರಿಕೆಯಂತೆ ಹುಲ್ಲುಹಾಸಿನ ಮೇಲೆ ಮಂಡಿಯೂರಿ ಪ್ರಾರ್ಥನೆಯನ್ನೂ ಮಾಡಿದರು. ಟ್ರೂಮನ್ ಸಿಟ್ಟಾದರು, ಮತ್ತೆ ಕರೆಯಲಿಲ್ಲ. ಗ್ರಹಾಂ ಇದರಿಂದ ಕಲಿತದ್ದು ಅಧ್ಯಕ್ಷರ ಮಾತನ್ನು ಹೊರಗೆ ಹೇಳಬಾರದು ಎಂಬುದನ್ನು. ದೂರ ಇರಬೇಕು ಎಂಬುದನ್ನಲ್ಲ.

ಐಸೆನ್‌ಹೋವರ್‌ಗೆ ಅವರು ಆಧ್ಯಾತ್ಮಿಕ ಸಲಹೆಗಾರ, ಲಿಂಡನ್ ಜಾನ್ಸನ್‌ಗೆ ಮನೆಯವರಂತೆ. ಆದರೆ ಅತ್ಯಂತ ಆಪ್ತ ಗೆಳೆತನ ರಿಚರ್ಡ್ ನಿಕ್ಸನ್ ಜೊತೆ. 1970ರ ಮೇ ತಿಂಗಳಲ್ಲಿ ಕೆಂಟ್ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ಯುದ್ಧ ವಿರೋಧಿ ಪ್ರತಿಭಟನೆ ವೇಳೆ ನಾಲ್ವರು ವಿದ್ಯಾರ್ಥಿಗಳು ಗುಂಡಿಗೆ ಬಲಿಯಾದರು. ಆ ಬಳಿಕ ಮೂರೂವರೆ ವಾರದೊಳಗೇ ನಾಕ್ಸ್‌ವಿಲ್‌ನ ಕ್ರೀಡಾಂಗಣದಲ್ಲಿ ಗ್ರಹಾಂ ತಮ್ಮ ಸಭೆಯ ವೇದಿಕೆಗೆ ನಿಕ್ಸನ್ ಅವರನ್ನು ಕರೆದರು. ವಿಯೆಟ್ನಾಂ ಯುದ್ಧದ ವಿರುದ್ಧ ಸಿಡಿದೆದ್ದಿದ್ದ ಯುವಜನರ ಕಣ್ಣಿಗೆ ಬೋಧಕ ಮತ್ತು ಅಧ್ಯಕ್ಷ ಒಂದೇ ಪಕ್ಷದವರಂತೆ ಕಂಡರು.

ವಾಟರ್‌ಗೇಟ್ ಹಗರಣದಲ್ಲಿ ನಿಕ್ಸನ್ ಕಚೇರಿಯ ಗುಪ್ತ ಧ್ವನಿಮುದ್ರಣದ ಬರಹರೂಪ ಹೊರಬಂದಾಗ ತಾವು ಕಂಡ ಗೆಳೆಯ ಬೇರೆ, ಇವರು ಬೇರೆ ಎಂದು ಗ್ರಹಾಂ ನೊಂದುಕೊಂಡರು. ಆದರೆ ಆ ಟೇಪುಗಳಲ್ಲಿ ಅವರ ದನಿಯೂ ಇತ್ತು. 1972ರ ಸಂಭಾಷಣೆಯೊಂದರಲ್ಲಿ ನಿಕ್ಸನ್ ಯಹೂದಿಗಳು ಮಾಧ್ಯಮಗಳನ್ನು ಆಳುತ್ತಿದ್ದಾರೆ ಎಂದು ಹಳಿದಾಗ ಗ್ರಹಾಂ ತಡೆಯಲಿಲ್ಲ, ತಾವೂ ದನಿಗೂಡಿಸಿದರು. ಇಂಥ ಮಾತು ನಡೆದಿತ್ತು ಎಂದು 1994ರಲ್ಲಿ ನಿಕ್ಸನ್ ಸಹಾಯಕ ಹಾಲ್ಡ್‌ಮನ್ ಅವರ ದಿನಚರಿ ಹೇಳಿದಾಗ ಗ್ರಹಾಂ ನಿರಾಕರಿಸಿದ್ದರು. 2002ರಲ್ಲಿ ಟೇಪೇ ಬಿಡುಗಡೆಯಾಯಿತು. 83ರ ವಯಸ್ಸಿನ ಬೋಧಕ ಯಹೂದಿ ಸಮುದಾಯದ ಕ್ಷಮೆ ಕೇಳಿದರು. ದಶಕಗಳ ಕಾಲ ಇಸ್ರೇಲ್ ಮತ್ತು ಯಹೂದಿಗಳ ಗೆಳೆಯ ಎನಿಸಿಕೊಂಡಿದ್ದವರಿಗೆ ಅದು ಬದುಕಿನ ಅತಿ ದೊಡ್ಡ ಅವಮಾನ.

ದೊರೆಯ ಕೋಣೆಯೊಳಗೆ ಕೂತವನಿಗೆ ದೊರೆಯ ಮಾತಿಗೆ 'ಅಲ್ಲ' ಎನ್ನುವುದು ಎಷ್ಟು ಕಷ್ಟ ಎಂಬುದಕ್ಕೆ ಆ ಟೇಪ್ ಸಾಕ್ಷಿ. 1982ರಲ್ಲಿ ಮಾಸ್ಕೋಗೆ ಹೋದಾಗ ಅಲ್ಲಿನ ಧಾರ್ಮಿಕ ಸ್ವಾತಂತ್ರ್ಯದ ಬಗ್ಗೆ ಮೃದುವಾಗಿ ಮಾತಾಡಿ ಟೀಕೆಗೆ ಗುರಿಯಾಗಿದ್ದೂ ಉಂಟು. ಅದೇ ಪ್ರಯಾಣದಲ್ಲಿ ಅವರು ಅಣ್ವಸ್ತ್ರ ಸ್ಪರ್ಧೆಯ ವಿರುದ್ಧ ಮಾತಾಡಿದ್ದರು ಎಂಬುದನ್ನೂ ಮರೆಯುವಂತಿಲ್ಲ. 1949ರ ಡೇರೆಯ ಕಮ್ಯುನಿಸಂ ವಿರೋಧಿ ಅಷ್ಟರಲ್ಲಿ ಬಹಳ ದೂರ ಬಂದಿದ್ದರು.

ಭಾರತದಲ್ಲಿ ಗ್ರಹಾಂ: ಮುಂಬೈ ಗಲಭೆಯಿಂದ ಕೊಹಿಮಾವರೆಗೆ

ಗ್ರಹಾಂ ಮೊದಲು ಭಾರತಕ್ಕೆ ಬಂದಿದ್ದು 1956ರ ಆರಂಭದಲ್ಲಿ. ಸೋವಿಯತ್ ನಾಯಕರಾದ ಕ್ರುಶ್ಚೇವ್ ಮತ್ತು ಬುಲ್ಗಾನಿನ್ ಕೆಲವೇ ವಾರಗಳ ಹಿಂದೆ ಭಾರತ ಪ್ರವಾಸ ಮಾಡಿ ಹೋಗಿದ್ದರು. ಹೊರಡುವ ಮೊದಲು ಅಮೆರಿಕದ ವಿದೇಶಾಂಗ ಸಚಿವ ಜಾನ್ ಫಾಸ್ಟರ್ ಡಲ್ಲೆಸ್ ತಮ್ಮೊಂದಿಗೆ ಮಾತಾಡಿದ್ದರು ಎಂದು ಗ್ರಹಾಂ ಅವರೇ ಆತ್ಮಕಥೆಯಲ್ಲಿ ಬರೆದಿದ್ದಾರೆ. ಧರ್ಮ ಮತ್ತು ಶೀತಲ ಸಮರ ಇಲ್ಲೂ ಒಂದೇ ವಿಮಾನದಲ್ಲಿ ಬಂದಿದ್ದವು.

ಅವರು ಬಂದಿಳಿದಾಗ ಆಗಿನ ಬಾಂಬೆ ಹೊತ್ತಿ ಉರಿಯುತ್ತಿತ್ತು. ಕಾರಣ ಕ್ರೈಸ್ತ ಧರ್ಮವಲ್ಲ, ಭಾಷಾವಾರು ಪ್ರಾಂತ್ಯ ರಚನೆ. ಬಾಂಬೆ ನಗರ ಯಾರಿಗೆ ಸೇರಬೇಕು ಎಂಬ ವಿವಾದ ಗಲಭೆಗೆ ತಿರುಗಿತ್ತು. ಅದೇ ವರ್ಷ ನವೆಂಬರ್‌ನಲ್ಲಿ ಕನ್ನಡಿಗರ ವಿಶಾಲ ಮೈಸೂರು ರಾಜ್ಯಕ್ಕೂ ಜನ್ಮ ಕೊಟ್ಟ ಪ್ರಕ್ರಿಯೆ ಅದು. ಕ್ರೀಡಾಂಗಣದಲ್ಲಿ ನಡೆಯಬೇಕಿದ್ದ ಸಭೆ ರದ್ದಾಯಿತು.

ಮದ್ರಾಸ್, ಪಾಳಯಂಕೋಟೆ, ಕೊಟ್ಟಾಯಂಗಳಲ್ಲಿ ಮಾತ್ರ ಭಾರಿ ಜನ ಸೇರಿದರು. ಶತಮಾನಗಳ ಕ್ರೈಸ್ತ ಪರಂಪರೆ ಇರುವ ಕೇರಳದ ಕೊಟ್ಟಾಯಂನಲ್ಲಿ ಬಿಳಿ ಬಟ್ಟೆಯ ಜನಸಾಗರ ಕಂಡು ಗ್ರಹಾಂ ಬೆರಗಾಗಿದ್ದರು. ದೆಹಲಿಯ ಸಭೆಗೆ ಆರೋಗ್ಯ ಸಚಿವೆ ರಾಜಕುಮಾರಿ ಅಮೃತ್ ಕೌರ್ ಬೆಂಬಲ ನೀಡಿದ್ದರು. ಅಲ್ಲಿ ಅವರ ಭಾಷಣವನ್ನು ಅನುವಾದಿಸಿದ ಅಕ್ಬರ್ ಅಬ್ದುಲ್ ಹಕ್ ಮುಂದೆ ಅವರ ಸಂಸ್ಥೆಯ ಬೋಧಕರಾದರು. ಪ್ರಧಾನಿ ನೆಹರು ಅವರನ್ನೂ ಗ್ರಹಾಂ ಭೇಟಿಯಾದರು. ಮೊದಲಿಗೆ ನೆಹರು ಮಾತಾಡದೆ, ಕೈಯಲ್ಲಿ ಲಕೋಟೆ ಬಿಡಿಸುವ ಚಾಕು ತಿರುಗಿಸುತ್ತಾ ಕುಳಿತಿದ್ದರು, ತಮ್ಮ ಸ್ವಂತ ನಂಬಿಕೆಯ ಬಗ್ಗೆ ಹೇಳತೊಡಗಿದ ಮೇಲೆ ಗಮನವಿಟ್ಟು ಕೇಳಿದರು ಎಂದು ಗ್ರಹಾಂ ನೆನೆದಿದ್ದಾರೆ.

1972ರ ನವೆಂಬರ್‌ನಲ್ಲಿ ನಾಗಾಲ್ಯಾಂಡ್‌ನ ಕೊಹಿಮಾಗೆ ಹೋದರು. ಅಲ್ಲಿ ಕ್ರೈಸ್ತ ಧರ್ಮ ಕಾಲಿಟ್ಟು 100 ವರ್ಷ ತುಂಬಿದ ಸಂದರ್ಭ. ಬಂಡುಕೋರರ ಹಾವಳಿಯಿಂದ ವಿದೇಶಿಯರಿಗೆ ಪ್ರವೇಶ ನಿರ್ಬಂಧವಿದ್ದ ಪ್ರದೇಶವಾದ್ದರಿಂದ ಕೇಂದ್ರದ ವಿಶೇಷ ಅನುಮತಿ ಬೇಕಾಗಿತ್ತು. ಬೆಟ್ಟಗಳನ್ನು ದಾಟಿ, ದಿನಗಟ್ಟಲೆ ನಡೆದು ಬಂದವರೂ ಸೇರಿ ಒಂದು ಲಕ್ಷದಷ್ಟು ಜನ ನೆರೆದರು. ನಾಗಾ ಸಮುದಾಯಗಳ ಹತ್ತಾರು ಭಾಷೆಗಳಿಗೆ ಏಕಕಾಲಕ್ಕೆ ಅನುವಾದ ನಡೆಯಿತು.

1977ರ ನವೆಂಬರ್‌ನಲ್ಲಿ ಆಂಧ್ರ ಕರಾವಳಿಗೆ ಅಪ್ಪಳಿಸಿದ ಚಂಡಮಾರುತದ ಬಳಿಕ ಅವರು ಸಂತ್ರಸ್ತ ಪ್ರದೇಶಕ್ಕೆ ಭೇಟಿ ಕೊಟ್ಟರು. ಅವರ ಸಂಸ್ಥೆ ಅಲ್ಲಿ ಮನೆಗಳನ್ನು ಕಟ್ಟಿಸಿಕೊಟ್ಟಿತು.

ಕನ್ನಡಿಗರಿಗೆ ಅಮೆರಿಕದ ಬೋಧಕ ಎಂದರೆ ಹೆಚ್ಚಾಗಿ ನೆನಪಾಗುವುದು ಬೆನ್ನಿ ಹಿನ್. 2005ರ ಜನವರಿಯಲ್ಲಿ ಬೆಂಗಳೂರಿನ ಜಕ್ಕೂರು ವಾಯುನೆಲೆಯಲ್ಲಿ ಅವರ ಸಭೆ ಪ್ರತಿಭಟನೆಗಳ ನಡುವೆ ನಡೆದಿತ್ತು. ಇಬ್ಬರನ್ನೂ ಒಂದೇ ತಕ್ಕಡಿಯಲ್ಲಿ ತೂಗಲಾಗದು. ಹಿನ್ ಸಭೆಗಳ ಕೇಂದ್ರ ರೋಗ ಗುಣಪಡಿಸುವ ಪವಾಡ. ಗ್ರಹಾಂ ವೇದಿಕೆಯಲ್ಲಿ ಅದಕ್ಕೆ ಜಾಗವೇ ಇರಲಿಲ್ಲ. ಸ್ವತಃ ಅವರೇ ಪಾರ್ಕಿನ್ಸನ್ಸ್ ರೀತಿಯ ಕಾಯಿಲೆಯಿಂದ ದಶಕಗಳ ಕಾಲ ಬಳಲಿದರು, ಆಸ್ಪತ್ರೆಗೇ ಹೋದರು.

ಜಗತ್ತಿಗೆ ಬಿಟ್ಟುಹೋದದ್ದು

1974ರಲ್ಲಿ ಸ್ವಿಟ್ಜರ್‌ಲೆಂಡ್‌ನ ಲೌಸಾನ್‌ನಲ್ಲಿ ಗ್ರಹಾಂ ನೇತೃತ್ವದಲ್ಲಿ ನಡೆದ ಸಮ್ಮೇಳನಕ್ಕೆ 150 ದೇಶಗಳಿಂದ ಸುಮಾರು 2,400 ಪ್ರತಿನಿಧಿಗಳು ಬಂದರು. ಬಡತನ, ಅನ್ಯಾಯದ ಬಗ್ಗೆ ಮಾತಾಡದ ಸುವಾರ್ತೆ ಅರ್ಧ ಸುವಾರ್ತೆ ಎಂದು ಲ್ಯಾಟಿನ್ ಅಮೆರಿಕದ ರೆನೆ ಪಡಿಲ್ಲಾ, ಸ್ಯಾಮ್ಯುಯೆಲ್ ಎಸ್ಕೋಬಾರ್ ವಾದಿಸಿದರು. ಇಂಗ್ಲೆಂಡಿನ ಜಾನ್ ಸ್ಟಾಟ್ ಮುಂದಾಳತ್ವದಲ್ಲಿ ರೂಪುಗೊಂಡ ಒಡಂಬಡಿಕೆಯಲ್ಲಿ ಸಾಮಾಜಿಕ ಹೊಣೆಯೂ ಕ್ರೈಸ್ತರ ಕರ್ತವ್ಯ ಎಂದು ಬರೆಯಲಾಯಿತು. ಆಫ್ರಿಕಾ, ಏಷ್ಯಾ, ಲ್ಯಾಟಿನ್ ಅಮೆರಿಕಗಳ ದನಿ ಇವಾಂಜೆಲಿಕಲ್ ಲೋಕದಲ್ಲಿ ಗಟ್ಟಿಯಾಗಲು ಈ ಸಮ್ಮೇಳನ ಕಾರಣವಾಯಿತು. ಸ್ಟೇಡಿಯಂಗಳ ಲೆಕ್ಕಕ್ಕಿಂತ ಇದೇ ಗ್ರಹಾಂ ಅವರ ದೊಡ್ಡ ಕೊಡುಗೆ ಎನ್ನುವವರೂ ಇದ್ದಾರೆ.

ಅಮೆರಿಕದೊಳಗಿನ ಕಥೆ ಬೇರೆ. ವಾಟರ್‌ಗೇಟ್ ಬಳಿಕ ಗ್ರಹಾಂ ಪಕ್ಷ ರಾಜಕಾರಣದಿಂದ ಹಿಂದೆ ಸರಿದರು. 1979ರಲ್ಲಿ ಜೆರ್ರಿ ಫಾಲ್ವೆಲ್ 'ಮಾರಲ್ ಮೆಜಾರಿಟಿ' ಸಂಘಟನೆ ಕಟ್ಟಿ ಇವಾಂಜೆಲಿಕಲ್‌ಗಳನ್ನು ಬಲಪಂಥೀಯ ರಾಜಕಾರಣಕ್ಕೆ ತಂದಾಗ ಗ್ರಹಾಂ ಸೇರಲಿಲ್ಲ. ಧರ್ಮ ಮತ್ತು ರಾಜಕೀಯ ಬಲಪಂಥ ಒಂದಾಗುವುದು ತಮಗೆ ಕಳವಳದ ಸಂಗತಿ ಎಂದು 1981ರಲ್ಲೇ ಎಚ್ಚರಿಸಿದರು. ಆದರೆ ಬೋಧಕ ಶ್ವೇತಭವನಕ್ಕೆ ಹೋಗುವ ದಾರಿಯನ್ನು ತೋರಿಸಿದವರೇ ಅವರಾಗಿದ್ದರು. ಹಿಂದೆ ಬಂದವರು ಆ ದಾರಿಯನ್ನು ಹೆದ್ದಾರಿ ಮಾಡಿಕೊಂಡರು.

2016ರ ಚುನಾವಣೆಯಲ್ಲಿ ಬಿಳಿಯ ಇವಾಂಜೆಲಿಕಲ್‌ಗಳಲ್ಲಿ ಶೇ. 80ರಷ್ಟು ಮಂದಿ ಟ್ರಂಪ್‌ಗೆ ಮತ ಹಾಕಿದರು ಎನ್ನುತ್ತವೆ ಮತಗಟ್ಟೆ ಸಮೀಕ್ಷೆಗಳು. ಗ್ರಹಾಂ ಮಗ ಫ್ರಾಂಕ್ಲಿನ್ ಗ್ರಹಾಂ ಇಂದು ಟ್ರಂಪ್ ಅವರ ಮುಂಚೂಣಿ ಬೆಂಬಲಿಗರಲ್ಲಿ ಒಬ್ಬರು. 'ಸಮಾರಿಟನ್ಸ್ ಪರ್ಸ್' ಸಂಸ್ಥೆ ಮೂಲಕ ಜಗತ್ತಿನಾದ್ಯಂತ ಪರಿಹಾರ ಕಾರ್ಯ ನಡೆಸುವ ಅವರು, 2001ರ ದಾಳಿಯ ಬಳಿಕ ಇಸ್ಲಾಂ ವಿರುದ್ಧ ಆಡಿದ ಕಟುಮಾತುಗಳಿಂದ ವಿವಾದಕ್ಕೂ ಒಳಗಾದವರು.

2019ರ ಡಿಸೆಂಬರ್‌ನಲ್ಲಿ ಇನ್ನೊಂದು ಘಟನೆ ನಡೆಯಿತು. ಗ್ರಹಾಂ 1956ರಲ್ಲಿ ಹುಟ್ಟುಹಾಕಿದ್ದ 'ಕ್ರಿಶ್ಚಿಯಾನಿಟಿ ಟುಡೇ' ಪತ್ರಿಕೆ, ಟ್ರಂಪ್ ಅವರನ್ನು ಅಧಿಕಾರದಿಂದ ತೆಗೆಯಬೇಕು ಎಂದು ಸಂಪಾದಕೀಯ ಬರೆಯಿತು. ಫ್ರಾಂಕ್ಲಿನ್ ಕೂಡಲೇ ಇದನ್ನು ಖಂಡಿಸಿ, ತಮ್ಮ ತಂದೆ 2016ರಲ್ಲಿ ಟ್ರಂಪ್‌ಗೇ ಮತ ಹಾಕಿದ್ದರು ಎಂದರು. ತಂದೆ ಕಟ್ಟಿದ ಪತ್ರಿಕೆ ಒಂದು ಕಡೆ, ಹೆತ್ತ ಮಗ ಇನ್ನೊಂದು ಕಡೆ. ಬಿಲ್ಲಿ ಗ್ರಹಾಂ ಯಾರ ಪರ ಎಂಬ ಜಗಳ ಅವರು ತೀರಿಕೊಂಡ ಮೇಲೂ ಮುಗಿದಿಲ್ಲ.

ಅವರ ಮಾತನ್ನೇ ಕೇಳುವುದಾದರೆ, 2011ರಲ್ಲಿ ಅದೇ 'ಕ್ರಿಶ್ಚಿಯಾನಿಟಿ ಟುಡೇ'ಗೆ ಕೊಟ್ಟ ಸಂದರ್ಶನ ಇದೆ. ಬದುಕಿನಲ್ಲಿ ಏನನ್ನು ಬದಲಾಯಿಸುತ್ತಿದ್ದಿರಿ ಎಂಬ ಪ್ರಶ್ನೆಗೆ 92ರ ವಯಸ್ಸಿನ ಗ್ರಹಾಂ, ಮನೆಯವರ ಜೊತೆ ಇನ್ನಷ್ಟು ಸಮಯ ಕಳೆಯುತ್ತಿದ್ದೆ, ರಾಜಕೀಯದಿಂದ ದೂರ ಇರುತ್ತಿದ್ದೆ ಎಂದರು. ಅಧಿಕಾರದಲ್ಲಿದ್ದವರಿಗೆ ಆಧ್ಯಾತ್ಮಿಕವಾಗಿ ನೆರವಾಗುವ ಅವಕಾಶ ಸಿಕ್ಕಿದ್ದಕ್ಕೆ ಕೃತಜ್ಞ, ಆದರೆ ಕೆಲವೊಮ್ಮೆ ಗೆರೆ ದಾಟಿದೆ ಎಂಬುದು ಅವರ ಒಪ್ಪಿಗೆ.

ಹಣದ ಚೀಲ ಹಿಡಿದ ಬೋಧಕನನ್ನು ಜನ ಬೇಗ ಗುರುತಿಸುತ್ತಾರೆ. ಅಧಿಕಾರದ ಪಕ್ಕ ನಿಂತ ಬೋಧಕನನ್ನು ಗುರುತಿಸಲು ಹೊತ್ತು ಹಿಡಿಯುತ್ತದೆ, ಏಕೆಂದರೆ ಅಲ್ಲಿ ನಿಲ್ಲುವುದು ಗೌರವದಂತೆಯೇ ಕಾಣುತ್ತದೆ. ಮೊಡೆಸ್ಟೊದಲ್ಲಿ ಬರೆಯದೇ ಬಿಟ್ಟ ಐದನೇ ನಿಯಮ ಅದು. ಯಾವ ದೇಶದ, ಯಾವ ಧರ್ಮದ ಗುರುವಿಗೂ ಅದು ಅನ್ವಯಿಸುತ್ತದೆ.